ಶುಕ್ರವಾರದ ಪಟ್ಟಿ

ಗ್ರಿಮ್ಸ್‌ಬಿಯ ಆಸ್ಪತ್ರೆ, ಶುಕ್ರವಾರ, ಬೆಳಗಿನ ಎಂಟು.
ಇವತ್ತು ಒಂಬತ್ತು ಮಕ್ಕಳು. ಕೀಳಬೇಕಾದ ಹಲ್ಲು ಎಪ್ಪತ್ತೆರಡು.
ಲೆಕ್ಕ ಬರೆಯುವವಳು ನಾನು,
ಅರಿವಳಿಕೆಯ ಮಾಸ್ಕ್ ಹಿಡಿಯುವವಳೂ ನಾನೇ.

ಮೂರನೆಯವನು ಕೋಬಿ. ಐದು ವರ್ಷ, ಡೈನೋಸಾರ್ ಪೈಜಾಮ.
ಬಾಯಿ ತೆರೆ ಮರಿ ಅಂದರೆ ತೆರೆಯುವುದಿಲ್ಲ.
ನಕ್ಕರೂ ತುಟಿ ಮುಚ್ಚಿಯೇ ನಗುತ್ತಾನೆ,
ಯಾರು ಕಲಿಸಿದರೋ ಇಷ್ಟು ಬೇಗ
ದೊಡ್ಡವರ ಆ ನಗೆ.

ಮೊದಲು ಒಸಡಿನಂಚಿಗೆ ಸುಣ್ಣದ ಗೆರೆಯಷ್ಟು ಬಿಳುಪು.
ಕ್ರಿಸ್‌ಮಸ್ ಹೊತ್ತಿಗೆ ಚಹದ ಬಣ್ಣ.
ಈಸ್ಟರ್‌ಗೆ ಕಪ್ಪು.
ಬಂದರಿನಲ್ಲಿ ಬಿಟ್ಟ ದೋಣಿಯ ಮೊಳೆಗೆ ಹಿಡಿದ ತುಕ್ಕು ಕೂಡ
ಇಷ್ಟು ಅವಸರ ಮಾಡುವುದಿಲ್ಲ.
ಒಂದರಿಂದ ಪಕ್ಕದ್ದಕ್ಕೆ, ಪಕ್ಕದ್ದರಿಂದ ದವಡೆಗೆ,
ಬಾಯೊಳಗೇ ಒಂದು ಪಿಸುಮಾತು ಹಬ್ಬಿದ ಹಾಗೆ.
ಕೆಳಗಿನ ಮುಂಬಲ್ಲು ನಾಲ್ಕು ಮಾತ್ರ ಬೆಳ್ಳಗಿವೆ:
ನಾಲಗೆ ಅವುಗಳಿಗೆ ಒರಗಿ ಮಲಗಿ
ರಾತ್ರಿಯೆಲ್ಲ ಕಾವಲಿತ್ತು.

ರಾತ್ರಿಯ ಬಗ್ಗೆ ಯಾರೂ ಕೇಳದಿರಲೆಂದು
ತಾಯಿ ಶಾನೀ ಗೋಡೆಯ ಕಡೆ ನೋಡುತ್ತಾಳೆ.
ಮೀನಿನ ಕಾರ್ಖಾನೆಯಲ್ಲಿ ಹತ್ತರಿಂದ ಆರರ ಪಾಳಿ;
ಬ್ರೆಡ್ಡಿನ ಪುಡಿ ಹೊದ್ದ ಮೀನಿನ ತುಂಡು
ಪೆಟ್ಟಿಗೆಗೆ ಆರಾರು.
ಹೊರಡುವ ಮುಂಚೆ ಮಗು ಮಲಗಬೇಕು.
ಅತ್ತರೆ ಪಕ್ಕದ ಮನೆಯವರು ಗೋಡೆ ಗುದ್ದುತ್ತಾರೆ,
ಶರಬತ್ತಿನ ಬಾಟಲಿ ಕೊಟ್ಟರೆ ನಿದ್ದೆ.
ಏಳು ದಂತವೈದ್ಯರಿಗೆ ಫೋನು ಮಾಡಿದ್ದಳಂತೆ.
ಏಳೂ ಕಡೆ ಒಂದೇ ಮಾತು: ಹೊಸಬರನ್ನು ಸೇರಿಸಿಕೊಳ್ಳುತ್ತಿಲ್ಲ.
ಎಂಟನೆಯದು ಲಿಂಕನ್‌ನಲ್ಲಿ. ರೈಲು, ರಜೆ, ದುಡ್ಡು.
ಹಲ್ಲಿದ್ದಾಗ ಕಡಲೆಯಿಲ್ಲ ಎಂಬ ನಮ್ಮ ಗಾದೆಯನ್ನು
ಇಲ್ಲಿ ಹೇಗೆ ಹೇಳಲಿ?
ಹಲ್ಲೂ ಇಲ್ಲ, ಕಡಲೆಯೂ ಇಲ್ಲ,
ಸಕ್ಕರೆ ಮಾತ್ರ ಅಗ್ಗ.

"ಯಾವ ವಾಸನೆ ಬೇಕು, ಕೋಬಿ? ಸ್ಟ್ರಾಬೆರಿಯಾ? ಬಬಲ್‌ಗಮ್ಮಾ?"
ಅವನು ಬೆರಳು ತೋರಿದ್ದನ್ನು ಮಾಸ್ಕಿಗೆ ಸವರಿ
ಮೂಗಿನ ಮೇಲಿಡುತ್ತೇನೆ.
ಸಿಹಿಯಿಂದ ಕೆಟ್ಟ ಬಾಯನ್ನು
ಸಿಹಿ ತೋರಿಸಿಯೇ ಮಲಗಿಸುತ್ತೇನೆ.
ಒಂದು, ಎರಡು, ಮೂ

ಹನ್ನೆರಡು ನಿಮಿಷ. ಹನ್ನೊಂದು ಹಲ್ಲು.
ಸ್ಟೀಲಿನ ತಟ್ಟೆಗೆ ಒಂದೊಂದೇ ಬೀಳುವ ಸದ್ದು,
ಅಕ್ಕಿಯ ಕಲ್ಲು ಆರಿಸಿ ಎಸೆದಂತೆ.
ನನ್ನದು ಬಿದ್ದಾಗ ಸಗಣಿಯುಂಡೆಯಲ್ಲಿಟ್ಟು
ಹೆಂಚಿನ ಮೇಲೆ ಎಸೆದು
ಹಿಂದೆ ನೋಡದೆ ಓಡಿದ್ದೆ.
ಅದು ತಾನಾಗಿ ಬಿದ್ದದ್ದು.
ಇವು ಬಿದ್ದವಲ್ಲ.

ಎಚ್ಚರವಾದಾಗ, ಗಾಜ್ ಬಟ್ಟೆ ಕಚ್ಚಿಕೊಂಡೇ,
ತೊದಲುತ್ತ ಕೇಳಿದ:
"ಹಲ್ಲಿನ ಕಿನ್ನರಿ ಕೊಳೆತದ್ದಕ್ಕೂ ಪೌಂಡ್ ಕೊಡ್ತಾಳಾ?"
ಯಾರೂ ಉತ್ತರಿಸಲಿಲ್ಲ.
ಶಾನೀಯ ಕೈಚೀಲದ ಜಿಪ್ಪು
ತೆರೆಯಿತು, ಮುಚ್ಚಿತು, ತೆರೆಯಿತು.

ಆಗ ಮೂಲೆಯ ಕುರ್ಚಿಯಿಂದ ಎದ್ದಳು ಮುತ್ತಜ್ಜಿ ಡೋರೀನ್.
ಇಪ್ಪತ್ತೊಂದಕ್ಕೆ, ಮದುವೆಗೆ ಮುಂಚೆ, ಅವಳಪ್ಪ
ಉಡುಗೊರೆಯೆಂದು ಇದ್ದಬದ್ದ ಹಲ್ಲೆಲ್ಲ ಕೀಳಿಸಿದ್ದನಂತೆ,
ಮುಂದೆ ಗಂಡನಿಗೆ ಖರ್ಚಾಗದಿರಲೆಂದು.
"ಚೆನ್ನಾಗಿದ್ದವೂ ಇದ್ದವು" ಅಂದಳು
ನನಗೆ ಮಾತ್ರ ಕೇಳುವಷ್ಟು.
ಮೇಲಿನ ಸೆಟ್ಟು ಕಳಚಿ ಅಂಗೈಯಲ್ಲಿಟ್ಟು
ಕೋಬಿಯ ಮುಖದೆದುರು ಬೊಚ್ಚು ಬಾಯಿ ತೆರೆದಳು.
ಅವನು ನೋಡಿದ. ಮತ್ತೂ ನೋಡಿದ.
ಗಾಜ್ ಉಗಿದು, ಕೆಂಪು ಜೊಲ್ಲು ಸುರಿಸುತ್ತ
ಬಾಯಿ ಪೂರಾ ತೆರೆದು ನಕ್ಕ.

ನಾನೂ ನಕ್ಕೆ. ನಗಬಾರದಿತ್ತೇನೋ.
ಐದಕ್ಕೂ ಎಪ್ಪತ್ತಾರಕ್ಕೂ ನಡುವೆ
ಈ ಊರಲ್ಲಿ ಏನೂ ನಡೆದೇ ಇಲ್ಲವೆಂಬಂತೆ
ಎದುರುಬದುರು ಎರಡು ಬರಿ ಒಸಡು.

ಹತ್ತೂವರೆಗೆ ಚಹದ ಬಿಡುವು.
ಬಾಗಿಲಾಚೆ ನಾಲ್ಕನೆಯವಳು ಅಳುತ್ತಿದ್ದಾಳೆ.
ಸಕ್ಕರೆಯ ಪೊಟ್ಟಣ ಹರಿದೆ, ಇನ್ನೊಂದೂ ಹರಿದೆ.
ಚಮಚ ಸಿಗಲಿಲ್ಲ.
ಲೆಕ್ಕ ಬರೆದ ಪೆನ್ನಿನಿಂದಲೇ ಕಲಕಿದೆ.